ಮಾರಮ್ಮನ ಅತ್ತೆಯ ನಾಲಿಗೆ: ಗಡಿಯ ಹೆಣ್ಣುಮಾತು ಮತ್ತು ದಲಿತ ವಿಮರ್ಶೆ

ಮಧುಗಿರಿಯಿಂದ ಪಾವಗಡಕ್ಕೆ ಹೋಗುವ ಬಸ್ಸು ನಡುದಾರಿಯಲ್ಲಿ ಆಂಧ್ರವನ್ನು ಹೊಕ್ಕು ಮತ್ತೆ ಕರ್ನಾಟಕಕ್ಕೆ ಬರುತ್ತದೆ. ಪಾವಗಡ ತುಮಕೂರು ಜಿಲ್ಲೆಗೆ ಸೇರಿದ್ದರೂ ಜಿಲ್ಲೆಯ ಉಳಿದ ತಾಲ್ಲೂಕುಗಳಿಗೆ ಅದರ ನೆಲ ತಾಗುವುದಿಲ್ಲ. ಪಡುವಲಿಗೆ ಚಿತ್ರದುರ್ಗ ಜಿಲ್ಲೆ, ಉಳಿದ ಕಡೆಯೆಲ್ಲ ಆಂಧ್ರ. ಇದು ಸಂಸ್ಥಾನ ಮತ್ತು ಕಂಪನಿ ಸರ್ಕಾರಗಳು ಎಳೆದ ಗೆರೆ. ಪಾವಗಡ ಮೈಸೂರಿಗಿತ್ತು, ಮಡಕಶಿರಾ ಮದ್ರಾಸಿಗಿತ್ತು. 1953ರಲ್ಲಿ ಅನಂತಪುರ ಜಿಲ್ಲೆಯ ಜೊತೆ ಮಡಕಶಿರಾ ಆಂಧ್ರಕ್ಕೆ ಹೋಯಿತು. ಇವತ್ತಿಗೂ ಮಡಕಶಿರಾ, ರೊಳ್ಳ, ಅಗಳಿ ಕಡೆ ಕನ್ನಡ ಮಾತಾಡುವ ಮನೆಗಳಿವೆ. ಪಾವಗಡದ ಎಷ್ಟೋ ಕೇರಿಗಳಲ್ಲಿ ಮನೆಮಾತು ತೆಲುಗು.

ನಾನು ಅಂಥದೊಂದು ಮಾದಿಗರ ಕೇರಿಯವಳು. ಮೇಷ್ಟ್ರ ಕೆಲಸ ಸಿಕ್ಕಿದ ಮೇಲೆ ಮಧುಗಿರಿ, ಸಿರಾ, ಕೊರಟಗೆರೆ, ಪಾವಗಡ ಸೇರಿದ ಮಧುಗಿರಿ ಶೈಕ್ಷಣಿಕ ಜಿಲ್ಲೆಯಲ್ಲೇ ಸುತ್ತಿದವಳು. ಮೊದಲಿಗೆ ನನ್ನದೇ ಒಂದು ತಪ್ಪನ್ನು ಹೇಳಿಕೊಳ್ಳಬೇಕು. ಗಡಿ ಕಡೆಯಿಂದ ಬಂದಿದ್ದ ಒಬ್ಬಳು ಹುಡುಗಿ ಪ್ರಬಂಧದಲ್ಲಿ, 'ನಮ್ಮಮ್ಮ ಕಲುಪಿಗೆ ಹೋಗ್ತಾಳೆ, ನಮ್ಮವ್ವ ಮನೆ ಕಾಯ್ತಾಳೆ' ಅಂತ ಬರೆದಿದ್ದಳು. ಕಲುಪು ಅಂದರೆ ತೆಲುಗಿನಲ್ಲಿ ಕಳೆ ತೆಗೆಯೋದು. ಅವ್ವ ಅಂದರೆ ಕನ್ನಡದಲ್ಲಿ ತಾಯಿ, ಅದೇ ಗಡಿ ದಾಟಿದರೆ ತೆಲುಗಿನಲ್ಲಿ ಅಜ್ಜಿ. ಹುಡುಗಿ ಬರೆದದ್ದು ತಾಯಿ ಮತ್ತು ಅಜ್ಜಿಯ ವಿಚಾರ. ನನಗೆ ಅದು ಗೊತ್ತಿತ್ತು. ಗೊತ್ತಿದ್ದೂ ಎರಡು ಪದದ ಕೆಳಗೂ ಕೆಂಪು ಗೀಟು ಎಳೆದೆ, 'ಶುದ್ಧ ಕನ್ನಡ ಬರೆ' ಅಂದೆ. ನನ್ನ ಅವ್ವನ ಮಾತಿಗೇ ನಾನು ಗೀಟು ಎಳೆದಿದ್ದೆ ಅನ್ನೋದು ಹೊಳೆದದ್ದು ಎಷ್ಟೋ ವರ್ಷಗಳ ಮೇಲೆ. ಗೆಳತಿಯೊಬ್ಬಳು ಜೆರಾಕ್ಸ್ ಮಾಡಿ ಕೊಟ್ಟ ಗ್ಲೋರಿಯಾ ಅನ್ಸಾಲ್ದುವಾ ಎಂಬ ಚಿಕಾನಾ ಲೇಖಕಿಯ ಬರಹ ಓದಿದಾಗ.

ಚಿಕಾನೊ ಅಂದರೆ ಅಮೆರಿಕದಲ್ಲಿರುವ ಮೆಕ್ಸಿಕೊ ಮೂಲದವರು. ಚಿಕಾನಾ ಅಂದರೆ ಅವರಲ್ಲಿ ಹೆಣ್ಣು. ಬೈಗುಳದಂತೆ ಬಳಕೆಯಾಗುತ್ತಿದ್ದ ಈ ಪದವನ್ನು 1960ರ ದಶಕದ ಚಳವಳಿ ಹೆಮ್ಮೆಯಿಂದ ಎತ್ತಿಕೊಂಡಿತು. ಸಿದ್ಧಲಿಂಗಯ್ಯನವರು 1975ರಲ್ಲಿ ತಮ್ಮ ಸಂಕಲನಕ್ಕೆ 'ಹೊಲೆಮಾದಿಗರ ಹಾಡು' ಅಂತ ಹೆಸರಿಟ್ಟ ಹಾಗೆ. ಈ ಜನರೆಲ್ಲ ವಲಸೆ ಬಂದವರಲ್ಲ. 1848ರ ಒಪ್ಪಂದದಲ್ಲಿ ಮೆಕ್ಸಿಕೊ ತನ್ನ ಉತ್ತರದ ನೆಲವನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟಾಗ, ಎಷ್ಟೋ ಜನ ಕೂತಲ್ಲೇ ಬೇರೆ ದೇಶದವರಾದರು. ಅನ್ಸಾಲ್ದುವಾ (1942-2004) ಟೆಕ್ಸಾಸಿನ ಗಡಿಯಲ್ಲಿ ಹೊಲಗೆಲಸ ಮಾಡಿ ಬೆಳೆದವಳು. ಶಾಲೆಯ ಆಟದ ವೇಳೆ ಸ್ಪ್ಯಾನಿಷ್ ಮಾತಾಡಿದ್ದಕ್ಕೆ ಬೆರಳ ಗಿಣ್ಣಿನ ಮೇಲೆ ಅಡಿಪಟ್ಟಿಯ ಏಟು ತಿಂದವಳು, ಮುಂದೆ ತಾನೂ ಮೇಷ್ಟ್ರಾದವಳು. 1987ರಲ್ಲಿ ಬಂದ 'ಬಾರ್ಡರ್‌ಲ್ಯಾಂಡ್ಸ್' ಪುಸ್ತಕದಲ್ಲಿ ಅವಳು ಇಂಗ್ಲಿಷ್, ಸ್ಪ್ಯಾನಿಷ್, ಗಡಿಯ ಬೆರಕೆ ಮಾತು ಎಲ್ಲವನ್ನೂ ಒಟ್ಟಿಗೆ ಬರೆದಳು. ಓದುವವರಿಗೆ ಅರ್ಥವಾಗದಿದ್ದರೆ ಕಷ್ಟಪಡಲಿ ಅನ್ನುವ ಗಟ್ಟಿತನ ಅದರಲ್ಲಿದೆ.

ಇಲ್ಲಿ ಒಂದು ಮಾತು. ಪಶ್ಚಿಮದ ಇನ್ನೊಂದು ಸಿದ್ಧಾಂತವನ್ನು ತಂದು ನಮ್ಮ ತಲೆ ಮೇಲೆ ಹೇರೋದು ನನ್ನ ಉದ್ದೇಶವಲ್ಲ. ಜಾತಿ ಬೇರೆ, ಜನಾಂಗ ಬೇರೆ. ಅಸ್ಪೃಶ್ಯತೆಗೆ ಅಲ್ಲಿ ಸಮನಾದದ್ದು ಇಲ್ಲ. ನನ್ನನ್ನು ಹಿಡಿದು ನಿಲ್ಲಿಸಿದ್ದು ಅವರ ಚಳವಳಿಯ ಒಳಗಿನ ಚರಿತ್ರೆ. 1969ರಲ್ಲಿ ಡೆನ್ವರಿನಲ್ಲಿ ಚಿಕಾನೊ ಯುವಜನರ ದೊಡ್ಡ ಸಮಾವೇಶ ನಡೆಯಿತು. ಅಲ್ಲಿ ಹೆಣ್ಣುಮಕ್ಕಳ ಗೋಷ್ಠಿಯ ವರದಿ ಅಂತ ವೇದಿಕೆ ಮೇಲೆ ಹೇಳಿದ್ದು, ಚಿಕಾನಾಗೆ ಬಿಡುಗಡೆ ಬೇಕಾಗಿಲ್ಲ ಎಂಬ ಒಂದೇ ಮಾತು. 1971ರಲ್ಲಿ ಹ್ಯೂಸ್ಟನ್ನಿನಲ್ಲಿ ನೂರಾರು ಹೆಂಗಸರು ತಮ್ಮದೇ ಸಮ್ಮೇಳನ ಮಾಡಿದರು. ಪ್ರಶ್ನೆ ಎತ್ತಿದವರಿಗೆ 'ಬಿಳಿ ಹೆಂಗಸರ ಬಾಲ', 'ಕುಲದ್ರೋಹಿ' ಎಂಬ ಬಿರುದು ಸಿಕ್ಕಿತು. ಅತ್ತ ಬಿಳಿಯರ ಸ್ತ್ರೀವಾದದಲ್ಲೂ ಇವರಿಗೆ ಜಾಗವಿರಲಿಲ್ಲ. 1981ರಲ್ಲಿ ಚೆರ್ರಿ ಮೊರಾಗ ಮತ್ತು ಅನ್ಸಾಲ್ದುವಾ ಸೇರಿ ತಂದ 'ದಿಸ್ ಬ್ರಿಡ್ಜ್ ಕಾಲ್ಡ್ ಮೈ ಬ್ಯಾಕ್' ಸಂಕಲನ ಈ ಎರಡು ಕಡೆಗೂ ಕೊಟ್ಟ ಉತ್ತರ.

ನಮ್ಮ ಕಡೆಯ ಚರಿತ್ರೆಯನ್ನು ಇದರ ಪಕ್ಕಕ್ಕಿಟ್ಟು ನೋಡಿ. 1973ರಲ್ಲಿ ಬಸವಲಿಂಗಪ್ಪನವರ ಬೂಸಾ ಪ್ರಕರಣ, ಅದೇ ವರ್ಷ ದೇವನೂರರ 'ದ್ಯಾವನೂರು', ಆಮೇಲೆ ದಲಿತ ಸಂಘರ್ಷ ಸಮಿತಿ, 'ಪಂಚಮ', 1979ರಲ್ಲಿ ಬಂಡಾಯ ಸಾಹಿತ್ಯ ಸಂಘಟನೆ. ಬಂಡಾಯ ಕಟ್ಟಿದವರಲ್ಲಿ ಒಬ್ಬರಾದ ಬರಗೂರು ರಾಮಚಂದ್ರಪ್ಪನವರು ನಮ್ಮ ಸಿರಾ ತಾಲ್ಲೂಕಿನವರು. ಇದೆಲ್ಲ ನಮ್ಮ ಹೆಮ್ಮೆ. ಅದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಜಾಥಾ ನಮ್ಮೂರಿಗೆ ಬಂದ ರಾತ್ರಿ ತಮಟೆ ಹೊಡೆದವರ, ಭಾಷಣ ಮಾಡಿದವರ ಹೆಸರು ನನಗಿನ್ನೂ ನೆನಪಿದೆ. ಮುದ್ದೆ ತಿರುವಿ ಹಾಕಿ, ಪಾತ್ರೆ ತೊಳೆದಿಟ್ಟು, ಕೊನೆಯಲ್ಲಿ ಬಂದು ಸೋಬಾನೆ ದಾಟಿಗೆ ಹೋರಾಟದ ಹಾಡು ಕಟ್ಟಿ ಹಾಡಿದ ನಮ್ಮವ್ವ, ದೊಡ್ಡವ್ವರ ಹೆಸರು ಯಾವ ಕರಪತ್ರದಲ್ಲೂ ಇಲ್ಲ. ಆ ಹಾಡು ಅರ್ಧ ಕನ್ನಡ, ಅರ್ಧ ತೆಲುಗು. ಬರೆದುಕೊಳ್ಳೋಕೆ ಬಂದ ಕಾರ್ಯಕರ್ತರೊಬ್ಬರು 'ಕನ್ನಡದ್ದು ಇದ್ರೆ ಹೇಳಮ್ಮ' ಅಂದರು. ಅವ್ವ ನಕ್ಕು ಸುಮ್ಮನಾದಳು. ಆ ಹಾಡು ಈಗ ನನಗೂ ಪೂರ್ತಿ ಬರೋದಿಲ್ಲ.

ದಲಿತ ವಿಮರ್ಶೆ ಬರೆದದ್ದನ್ನು ಓದಿತು, ಅಚ್ಚಾದದ್ದನ್ನು ಎಣಿಸಿತು. ಕಾಲೇಜು ಮೆಟ್ಟಿಲು ಹತ್ತಿದವರು ಮೊದಲು ಗಂಡಸರಾದ್ದರಿಂದ ಎಣಿಕೆಯೂ ಗಂಡಸರದ್ದೇ ಆಯಿತು. ಇನ್ನೊಂದು ಕಡೆ ಕನ್ನಡದ ಸ್ತ್ರೀವಾದಿ ವಿಮರ್ಶೆ ವಿಜಯಾ ದಬ್ಬೆಯವರಂಥವರಿಂದ ಮರೆತ ಲೇಖಕಿಯರನ್ನು ಹುಡುಕಿ ತೆಗೆಯಿತು. ಅದು ದೊಡ್ಡ ಕೆಲಸ. ಆದರೆ ಹುಡುಕಿದ್ದು ಹೆಚ್ಚಾಗಿ ಅಕ್ಷರ ಇದ್ದ ಮನೆಗಳಲ್ಲಿ. ದಲಿತ ಹೆಣ್ಣು ಬೇರೆಯಾಗಿ ಮಾತಾಡುತ್ತಾಳೆ ಅಂತ ಗೋಪಾಲ್ ಗುರು 1995ರಲ್ಲಿ ಬರೆದರು. ಶರ್ಮಿಳಾ ರೇಗೆ 1998ರಲ್ಲಿ ಆ ವಾದವನ್ನು ಬೆಳೆಸಿದರು. ರೂತ್ ಮನೋರಮಾ ದಲಿತ ಮಹಿಳೆಯರ ರಾಷ್ಟ್ರೀಯ ಒಕ್ಕೂಟ ಕಟ್ಟಿದ್ದೂ 1995ರಲ್ಲೇ. ತೆಲುಗಿನಲ್ಲಿ ಗೋಗು ಶ್ಯಾಮಲ 2003ರಲ್ಲಿ 'ನಲ್ಲಪೊದ್ದು' ಎಂಬ ದಲಿತ ಹೆಣ್ಣುಮಕ್ಕಳ ಬರಹದ ಸಂಕಲನ ತಂದರು. ನಮ್ಮಲ್ಲಿ ಬಿ.ಟಿ. ಲಲಿತಾ ನಾಯಕ್, ಬಿ.ಟಿ. ಜಾಹ್ನವಿ, ದು. ಸರಸ್ವತಿ ಬರೆಯುತ್ತಾ ಬಂದಿದ್ದಾರೆ. ಸರಸ್ವತಿಯವರ 'ಸಣ್ತಿಮ್ಮಿ ರಾಮಾಯಣ' ಆಡುಮಾತಿನ ಹೆಣ್ಣೊಬ್ಬಳು ಮಹಾಕಾವ್ಯವನ್ನೇ ಮಾತಾಡಿಸುವ ಪ್ರಯೋಗ. ಬರಹ ಇದೆ, ಅದನ್ನು ಓದುವ ಕ್ರಮವನ್ನು ನಾವು ಕಟ್ಟಿಕೊಂಡಿಲ್ಲ.

ಚಿಕಾನಾಗಳು ಆ ಕ್ರಮವನ್ನು ಹೇಗೆ ಕಟ್ಟಿಕೊಂಡರು? ಊರು ನಂಬಿದ ಹೆಣ್ಣುಗಳನ್ನೇ ಮತ್ತೆ ಓದಿದರು. ಸ್ಪೇನಿನ ಕೊರ್ಟೆಸ್ 1519ರಲ್ಲಿ ಮೆಕ್ಸಿಕೊಗೆ ಬಂದಾಗ ದುಭಾಷಿಯಾದ ಮಾಲಿಂಚೆಯನ್ನು ಗಂಡಸರ ಚರಿತ್ರೆ ದ್ರೋಹಿ ಅಂದಿತು. ಅವಳು ಮಾರಾಟಕ್ಕೊಳಗಾಗಿ ಕಾಣಿಕೆಯಾಗಿ ಬಂದ ಜೀತದ ಹುಡುಗಿ, ಅವಳಿಗಿದ್ದದ್ದು ಎರಡು ಮೂರು ಭಾಷೆಯ ನಾಲಿಗೆಯೊಂದೇ ಅಂತ ನಾರ್ಮಾ ಅಲಾರ್ಕೊನ್‌ರಂಥ ವಿಮರ್ಶಕಿಯರು ತೋರಿಸಿದರು. ಚಿತ್ರಕಲಾವಿದೆ ಯೊಲಾಂಡಾ ಲೋಪೆಸ್ 1978ರಲ್ಲಿ ಗ್ವಾಡಲೂಪೆಯ ಮಾತೆಯನ್ನು ಮೂರು ಚಿತ್ರಗಳಲ್ಲಿ ಬರೆದಳು. ಒಂದರಲ್ಲಿ ಹಾವು ಹಿಡಿದು ಓಡುವ ತಾನು, ಒಂದರಲ್ಲಿ ಹೊಲಿಗೆ ಯಂತ್ರದ ಮುಂದೆ ಕೂತು ದೇವಿಯ ಚುಕ್ಕಿ ಮೇಲುಹೊದಿಕೆ ಹೊಲಿಯುವ ತಾಯಿ, ಒಂದರಲ್ಲಿ ಹಾವಿನ ಪೊರೆ ಹಿಡಿದು ಕೂತ ಅಜ್ಜಿ. ದೇವಿಯ ಜಾಗದಲ್ಲಿ ದುಡಿಯುವ ಹೆಣ್ಣು ಬಂದು ಕೂತಳು.

ನಮ್ಮಲ್ಲೂ ಮತ್ತೆ ಓದಬೇಕಾದ ಕಥೆಯಿದೆ. ಮಧುಗಿರಿಯ ದಂಡಿನ ಮಾರಮ್ಮ ನಮ್ಮ ಸೀಮೆಗೆಲ್ಲ ದೊಡ್ಡ ದೇವತೆ. ಮಾರಮ್ಮನ ಬಗ್ಗೆ ದಕ್ಷಿಣದ ಊರೂರಲ್ಲಿ ಹೇಳುವ ಕಥೆ ನಿಮಗೆ ಗೊತ್ತಿರುವಂಥದ್ದೇ. ಕೇರಿಯ ಹುಡುಗ ಜಾತಿ ಮರೆಸಿ ಬ್ರಾಹ್ಮಣರ ಹುಡುಗಿಯನ್ನು ಮದುವೆಯಾಗುತ್ತಾನೆ. ಅವನ ತಾಯಿ ಮಗನನ್ನು ನೋಡೋಕೆ ಬರುತ್ತಾಳೆ. ಸೊಸೆ ಬಡಿಸಿದ ಸಿಹಿ ತಿಂದು, ಇದು ಸುಟ್ಟ ಎಮ್ಮೆ ನಾಲಿಗೆಯ ಹಾಗಿದೆ ಅನ್ನುತ್ತಾಳೆ. ಗುಟ್ಟು ಒಡೆಯುತ್ತದೆ. ಸೊಸೆ ಉರಿದು ಮಾರಿಯಾಗುತ್ತಾಳೆ, ಗಂಡ ಬಲಿಯ ಕೋಣವಾಗುತ್ತಾನೆ. ಮದ್ರಾಸಿನ ಬಿಷಪ್ ವೈಟ್‌ಹೆಡ್ 1916ರ ಗ್ರಾಮದೇವತೆಗಳ ಪುಸ್ತಕದಲ್ಲಿ ಇದನ್ನು ದಾಖಲಿಸಿದ್ದಾನೆ.

ಮೇಲ್ಜಾತಿಯವರು ಇದನ್ನು ಸೊಸೆಗಾದ ಮೋಸದ ಕಥೆಯಾಗಿ ಓದಿದರು. ನಮ್ಮ ಚಳವಳಿಯ ಗೆಳೆಯರು ಇದನ್ನು ಕೋಣನಾದ ದಲಿತ ಗಂಡಿನ ಕಥೆಯಾಗಿ ಓದಿದರು. ವರ್ಷ ವರ್ಷ ಅವಮಾನ ಮರುಕಳಿಸುವ ಹುನ್ನಾರ ಅಂದರು. ಆ ಓದು ನ್ಯಾಯವಾದದ್ದೇ. ಆದರೆ ಎರಡು ಓದಿನಲ್ಲೂ ಆ ತಾಯಿ ಕಥೆ ಮುರಿಯೋಕೆ ಬೇಕಾದ ಒಂದು ನೆಪ ಮಾತ್ರ. ನಾನು ಇದನ್ನು ಅವ್ವನ ಹತ್ತಿರ ಹೇಳಿದೆ. ಅವಳು ಕೇಳಿದ್ದು ಇಷ್ಟೇ: 'ಆ ಮುದುಕಿ ಏನ್ ತಪ್ಪು ಮಾಡಿದ್ಲವ್ವ? ಬಾಯಿಗೆ ರುಚಿ ಯಂಗಿತ್ತೋ ಅಂಗೇ ಏಳಿದ್ಲು. ಅವಳ ಮಗ ನಾಲಿಗೆ ಮರೆಸ್ಕಂಡಿದ್ದ, ಅವಳು ಮರೆಸ್ಲಿಲ್ಲ.'

ದಲಿತ ವಿಮರ್ಶೆ ಇಂಥ ಪ್ರಶ್ನೆಯಿಂದ ಹೊರಡಬಹುದು ಅಂತ ನನಗೆ ಅನ್ನಿಸಿದ್ದು ಆಗ. ಓದಿದ ನಾವು ಆ ಮಗನ ಹಾಗೆ ನಾಲಿಗೆ ಮರೆಸಿ ಶಿಷ್ಟದ ಮನೆ ಸೇರಿದವರು. ನಮ್ಮನ್ನು ನೋಡೋಕೆ ಬರುವ ತಾಯಂದಿರು ಬಾಯಿ ಬಿಟ್ಟರೆ ಎಲ್ಲಿ ಗುಟ್ಟು ಒಡೆಯುತ್ತದೋ ಎಂಬ ಭಯ ನಮ್ಮ ಬರಹದಲ್ಲಿ, ನನ್ನ ಕೆಂಪು ಗೀಟಿನಲ್ಲಿ ಇತ್ತು. ಅವಳ ಮಾತನ್ನು 'ಆಡುಭಾಷೆಯ ಸೊಗಡು' ಅಂತ ಮೆಚ್ಚಿದರೆ ಸಾಲದು. ಅವಳದ್ದು ಒಂದು ತಿಳುವಳಿಕೆ, ತೀರ್ಮಾನ.

ಈ ಕೆಲಸಕ್ಕೆ ಹೊತ್ತು ಕಾಯುತ್ತಾ ಕೂತಿಲ್ಲ. ಕಡ್ಲೆಕಾಯಿ ಹೊಲದ ಸಾಲಿನಲ್ಲಿ ಕಳೆ ಕೀಳುವಾಗ ಹುಟ್ಟಿದ ಹಾಡುಗಳು ಇವು. ಪಾವಗಡದ ತಿರುಮಣಿ ಸುತ್ತಿನ ಐದು ಹಳ್ಳಿಗಳಲ್ಲಿ ಸುಮಾರು 13 ಸಾವಿರ ಎಕರೆಯನ್ನು 2,050 ಮೆಗಾವಾಟ್ ಸೋಲಾರ್ ಪಾರ್ಕಿಗೆ ಗುತ್ತಿಗೆ ಕೊಟ್ಟಾಗಿದೆ. 2018ರಿಂದ ಅಲ್ಲಿ ವಿದ್ಯುತ್ ಬರುತ್ತಿದೆ. ಜಮೀನಿದ್ದವರಿಗೆ ವರ್ಷ ವರ್ಷ ಬಾಡಿಗೆ ಬರುತ್ತದೆ; ಜಮೀನಿಲ್ಲದ ಕೂಲಿ ಹೆಂಗಸರಿಗೆ ಬಾಡಿಗೆಯಿಲ್ಲ, ಕಳೆ ಕೆಲಸವೂ ಇಲ್ಲ. ಸಾಲು ಹೋದ ಮೇಲೆ ಹಾಡು ಎಲ್ಲಿ ನಿಲ್ಲುತ್ತದೆ?

ಇದನ್ನು ಓದುವ ವಿದ್ಯಾರ್ಥಿಗಳಿಗೆ, ಕಾರ್ಯಕರ್ತರಿಗೆ ನನ್ನ ಬೇಡಿಕೆ ದೊಡ್ಡದಲ್ಲ. ನಿಮ್ಮ ಕೇರಿಯ ಹಾಡುಗಾರ್ತಿಯ ಹಾಡನ್ನು ಅವಳ ಒಪ್ಪಿಗೆ ಪಡೆದು, ಅವಳ ಹೆಸರು ಹಾಕಿ ಬರೆದುಕೊಳ್ಳಿ. 'ಜನಪದ' ಅಂತ ಹೆಸರು ಅಳಿಸಬೇಡಿ. ತೆಲುಗು ಬಂದರೆ ತೆಲುಗನ್ನೂ ಬರೆಯಿರಿ, ಬೆರಕೆಯನ್ನು ತಿದ್ದಬೇಡಿ. ಮಡಕಶಿರಾ ಕಡೆಯ ನಮ್ಮವರನ್ನೂ ಕೇಳಿ. ರಾಜ್ಯದ ಗೆರೆ ಹಾಡಿಗಿಲ್ಲ. ಪದವಿ ತರಗತಿಯಲ್ಲಿ ಮಾರಮ್ಮನ ಕಥೆ ಬಂದರೆ ಅತ್ತೆಯ ಬಗ್ಗೆ ಒಂದು ಪ್ರಶ್ನೆ ಕೇಳಿ.

ಆ ಹುಡುಗಿ ಈಗ ಎಲ್ಲಿದ್ದಾಳೋ ನನಗೆ ಗೊತ್ತಿಲ್ಲ. ಅಮ್ಮ ಕಲುಪಿಗೆ ಹೋಗುತ್ತಿದ್ದಳು, ಅವ್ವ ಮನೆ ಕಾಯುತ್ತಿದ್ದಳು. ಅವಳು ಬರೆದದ್ದು ಸರಿಯಾಗಿಯೇ ಇತ್ತು.