ಮುಂಬಯಿಗೆ ದುಡಿಯಲು ಹೋದ ಹುಡುಗ: ಜಾರ್ಜ್ ಫರ್ನಾಂಡಿಸ್

ನಮ್ಮ ವಲಾಂಡಿ, ಉದಗೀರ, ನಿಲಂಗಾ, ಉಮರ್ಗಾ ಕಡೆಯ ಹಳ್ಳಿಗಳಿಂದ ಪುಣೆ, ಮುಂಬಯಿಗೆ ದುಡಿಯಲು ಹೋಗುವವರು ಬಹಳ. ಅವರ ಮಕ್ಕಳೇ ನಮ್ಮ ಶಾಲೆಯ ಮಕ್ಕಳು. "ಊರು ಬಿಟ್ಟವರು ಮುಂದೆ ಏನಾಗ್ತಾರ ಗುರೂಜಿ?" ಎಂದು ಅವರು ಕೇಳಿದಾಗ ನಾವು ಹೇಳುವುದು ಜಾರ್ಜ್ ಫರ್ನಾಂಡಿಸರ ಕಥೆ.

1930ರ ಜೂನ್ 3ರಂದು ಮಂಗಳೂರಿನಲ್ಲಿ ಹುಟ್ಟಿದ ಜಾರ್ಜ್‌ರನ್ನು ಮನೆಯವರು ಪಾದ್ರಿಯಾಗಲೆಂದು ಬೆಂಗಳೂರಿನ ಸೆಮಿನರಿಗೆ ಕಳಿಸಿದರು. ಅಲ್ಲಿ ಗುರುಗಳಿಗೊಂದು ಊಟ, ವಿದ್ಯಾರ್ಥಿಗಳಿಗೊಂದು ಊಟ. ಈ ಭೇದ ಸಹಿಸದೆ ಅವರು ಹೊರಬಂದರು. 1949ರಲ್ಲಿ ಮುಂಬಯಿ ಸೇರಿದರು. ಚೌಪಾಟಿಯ ಬೆಂಚಿನ ಮೇಲೆ ಮಲಗಿದರು. ಒಂದು ಪತ್ರಿಕೆಯಲ್ಲಿ ಕರಡು ತಿದ್ದುವ ಕೆಲಸ ಸಿಕ್ಕಿತು. ಬಂದರು ಕಾರ್ಮಿಕರ ನಾಯಕ ಪ್ಲಾಸಿಡ್ ಡಿಮೆಲ್ಲೊ ಮತ್ತು ಸಮಾಜವಾದಿ ರಾಮಮನೋಹರ ಲೋಹಿಯಾ ಅವರಿಗೆ ದಾರಿ ತೋರಿಸಿದರು. ಹೋಟೆಲ್ ಹುಡುಗರು, ಟ್ಯಾಕ್ಸಿ ಚಾಲಕರು, ನಗರಪಾಲಿಕೆಯ ನೌಕರರು ಹೀಗೆ ಯಾರೂ ಲೆಕ್ಕಕ್ಕೆ ಹಿಡಿಯದವರನ್ನು ಅವರು ಸಂಘಟಿಸಿದರು.

1961ರಲ್ಲಿ ಮುಂಬಯಿ ನಗರಪಾಲಿಕೆಗೆ ಆಯ್ಕೆಯಾದರು. 1967ರಲ್ಲಿ ದಕ್ಷಿಣ ಮುಂಬಯಿಯಲ್ಲಿ, ಸೋಲೇ ಇಲ್ಲವೆಂದು ಜನ ನಂಬಿದ್ದ ಎಸ್.ಕೆ. ಪಾಟೀಲರನ್ನು ಸೋಲಿಸಿ ಲೋಕಸಭೆ ಸೇರಿದರು.

1974ರ ಮೇ 8ರಂದು ರೈಲ್ವೆ ಮುಷ್ಕರ ಆರಂಭವಾಯಿತು. ಎಂಟು ತಾಸಿನ ದುಡಿಮೆ, ಸಮಾನ ವೇತನ, ಬೋನಸ್ ಮುಖ್ಯ ಬೇಡಿಕೆಗಳು. ಸುಮಾರು 17 ಲಕ್ಷ ನೌಕರರು ಭಾಗವಹಿಸಿದರು. ಸರ್ಕಾರ ಸಾವಿರಾರು ಜನರನ್ನು ಬಂಧಿಸಿತು, ಅನೇಕರ ನೌಕರಿ ಹೋಯಿತು. ಮೇ 27ಕ್ಕೆ ಮುಷ್ಕರ ಹಿಂದಕ್ಕೆ ಪಡೆಯಬೇಕಾಯಿತು. ಆದರೆ 1977ರಲ್ಲಿ ಬಂದ ಜನತಾ ಸರ್ಕಾರ ಕೆಲಸ ಕಳೆದುಕೊಂಡವರನ್ನು ಮರಳಿ ತೆಗೆದುಕೊಂಡಿತು. ಬೋನಸ್ 1979ರಲ್ಲಿ ಬಂತು. ಸೋತಂತೆ ಕಂಡ ಹೋರಾಟ ಹೀಗೆ ತಡವಾಗಿ ಫಲ ಕೊಟ್ಟಿತು.

ತುರ್ತುಪರಿಸ್ಥಿತಿಯಲ್ಲಿ ಭೂಗತರಾಗಿದ್ದ ಅವರನ್ನು 1976ರ ಜೂನ್‌ನಲ್ಲಿ ಬಂಧಿಸಿ, ಬರೋಡಾ ಡೈನಮೈಟ್ ಪ್ರಕರಣದ ಆರೋಪ ಹೊರಿಸಿದರು. ಜೈಲಿನಲ್ಲಿದ್ದೇ ಬಿಹಾರದ ಮುಜಫ್ಫರಪುರದಿಂದ 3 ಲಕ್ಷಕ್ಕೂ ಹೆಚ್ಚು ಮತಗಳ ಅಂತರದಲ್ಲಿ ಗೆದ್ದು ಕೈಗಾರಿಕಾ ಮಂತ್ರಿಯಾದರು. ವಿದೇಶಿ ಬಂಡವಾಳದ ಪಾಲು ತಗ್ಗಿಸುವ ನಿಯಮಕ್ಕೆ ಒಪ್ಪದ ಕೋಕಾ ಕೋಲಾ ಆಗಲೇ ದೇಶ ಬಿಟ್ಟಿತು. 1989ರಲ್ಲಿ, ಒಮ್ಮೆ ತಾವೇ ನಿಲ್ಲಿಸಿದ್ದ ರೈಲ್ವೆಗೆ ಮಂತ್ರಿಯಾದರು. 1990ರಲ್ಲಿ ಕೊಂಕಣ ರೈಲ್ವೆ ನಿಗಮ ಸ್ಥಾಪನೆಯಾಗಿ, 1998ರಲ್ಲಿ ಸುಮಾರು 760 ಕಿಲೋಮೀಟರಿನ ಹಳಿ ಪೂರ್ಣಗೊಂಡು ಮಂಗಳೂರು ಮುಂಬಯಿಗೆ ಹತ್ತಿರವಾಯಿತು. ಅವರ ನಂತರ ಅದೇ ದಾರಿಯಲ್ಲಿ ದುಡಿಯಲು ಹೋಗುವವರಿಗೆ ಇದು ದೊಡ್ಡ ಉಪಕಾರ.

ದೊಡ್ಡವರ ಚರಿತ್ರೆ ಹೇಳುವಾಗ ಅವರ ಎಡವಟ್ಟುಗಳನ್ನೂ ಮಕ್ಕಳಿಗೆ ಹೇಳಬೇಕು. 1979ರ ಜುಲೈಯಲ್ಲಿ ಲೋಕಸಭೆಯಲ್ಲಿ ಮೊರಾರ್ಜಿ ಸರ್ಕಾರವನ್ನು ಗಟ್ಟಿಯಾಗಿ ಸಮರ್ಥಿಸಿದ ಅವರು, ಕೆಲವೇ ದಿನಗಳಲ್ಲಿ ಅದನ್ನು ತೊರೆದರು. 1998ರಿಂದ ವಾಜಪೇಯಿ ಸರ್ಕಾರದಲ್ಲಿ ರಕ್ಷಣಾ ಮಂತ್ರಿಯಾದದ್ದು ಹಳೆಯ ಸಮಾಜವಾದಿ ಗೆಳೆಯರಿಗೆ ನೋವು ತಂದಿತು. 2001ರಲ್ಲಿ ತೆಹಲ್ಕಾ ಪ್ರಕರಣದಿಂದ ರಾಜೀನಾಮೆ ಕೊಟ್ಟು, ಅದೇ ವರ್ಷ ಮರಳಿ ಮಂತ್ರಿಯಾದರು. ಸಿಯಾಚಿನ್‌ಗೆ ಮತ್ತೆ ಮತ್ತೆ ಹೋಗಿ ಜವಾನರ ಕಷ್ಟ ಕೇಳಿದವರೂ ಅವರೇ.

2019ರ ಜನವರಿ 29ರಂದು ಅವರು ತೀರಿಕೊಂಡರು. ಅವರ ಎಲ್ಲ ಹೆಜ್ಜೆಗಳನ್ನೂ ನಾವು ಒಪ್ಪಬೇಕಿಲ್ಲ. ಆದರೆ ಊರು ಬಿಟ್ಟು ಹೋದ ಹುಡುಗ ತನ್ನ ಹೊಟ್ಟೆ ತುಂಬಿದ ಮೇಲೆ ಸುಮ್ಮನೆ ಕೂಡಲಿಲ್ಲ. ಪಕ್ಕದವನ ತಟ್ಟೆಯನ್ನೂ ನೋಡಿದ. ಮುಂದೆ ಮುಂಬಯಿಗೆ ಹೋಗಲಿರುವ ನಮ್ಮ ಮಕ್ಕಳು ಇಷ್ಟನ್ನು ನೆನಪಿಟ್ಟರೆ ಸಾಕು.