ಜೋಕುಮಾರನ ಬುಟ್ಟಿ, ಹೊಸ ರಂಗಭೂಮಿ

ಭಾದ್ರಪದದ ಚೌತಿಗೆ ಬರುವ ಗಣೇಶ ಕಡುಬು ಉಂಡು ಹೋಗಿ, ಭೂಲೋಕದಲ್ಲಿ ಎಲ್ಲರೂ ಸುಖವಾಗಿದ್ದಾರೆಂದು ತಾಯಿಗೆ ಹೇಳುತ್ತಾನಂತೆ. ಅವನ ಹಿಂದೆಯೇ ಅಷ್ಟಮಿಗೆ ಹುಟ್ಟುವ ಜೋಕುಮಾರ ಒಣಗಿದ ಹೊಲಗಳನ್ನು, ಹಸಿದ ಮನೆಗಳನ್ನು ಕಂಡು ಶಿವನಿಗೆ ದೂರು ಒಪ್ಪಿಸುತ್ತಾನೆ. ಆಗ ಮಳೆ ಬೀಳುತ್ತದೆ. ಇದು ಉತ್ತರ ಕರ್ನಾಟಕದ ಒಕ್ಕಲುಮಕ್ಕಳ ನಂಬಿಕೆ.

ಕೃಷ್ಣೆ, ತುಂಗಭದ್ರೆಯರ ನಡುವಿನ ಎಡದೊರೆ ನಾಡಿಗೆ ಈ ನಂಬಿಕೆ ಸಹಜವಾದದ್ದು. ಎರಡು ಹೊಳೆಗಳಿದ್ದರೂ ರಾಯಚೂರು ನಗರದ ಸುತ್ತಿನ ಹಳ್ಳಿಗಳ ಎರೆಹೊಲಗಳು ನೆಚ್ಚಿದ್ದು ಮುಗಿಲನ್ನೇ. ಮಾನ್ವಿಗೆ ತುಂಗಭದ್ರಾ ಎಡದಂಡೆ ಕಾಲುವೆ, ದೇವದುರ್ಗಕ್ಕೆ ನಾರಾಯಣಪುರ ಬಲದಂಡೆ ಕಾಲುವೆ ಬಂದದ್ದು ಸ್ವಾತಂತ್ರ್ಯದ ನಂತರ.

ಜೋಕುಮಾರನನ್ನು ಹೊತ್ತು ತರುವವರು ಹೆಂಗಸರು. ಹೆಚ್ಚಿನ ಕಡೆ ಗಂಗಾಮತಸ್ಥರು, ಬಾರಿಕರು. ಬುಟ್ಟಿಯ ತುಂಬ ಬೇವಿನ ಸೊಪ್ಪು, ನಡುವೆ ಅಗಲ ಬಾಯಿಯ, ಎದ್ದು ಕಾಣುವ ಲಿಂಗದ ಮಣ್ಣಿನ ಮೂರ್ತಿ. ಮನೆಯಾಕೆ ಅವನ ತುಟಿಗೆ ಬೆಣ್ಣೆ ಸವರಿ, ಮೊರದಲ್ಲಿ ಜೋಳ ನೀಡುತ್ತಾಳೆ. ಅಂಗಳದಲ್ಲಿ ಬುಟ್ಟಿಯ ಸುತ್ತ ಕುಳಿತು ಹಾಡುವ ಹಾಡುಗಳಲ್ಲಿ ಕಾಮದ ಮಾತು ಮರೆಯಿಲ್ಲದೆ ಬರುತ್ತದೆ. ಅತ್ತೆಯ ಎದುರಿಗೆ ಸೊಸೆ ಆಡಲಾರದ ಮಾತನ್ನು ಇಲ್ಲಿ ಇಬ್ಬರೂ ಕೂಡಿ ಕೇಳುತ್ತಾರೆ. ಏಳು ದಿನದ ಬಾಳು ಮುಗಿದ ಮೇಲೆ ಹುಣ್ಣಿಮೆಯ ರಾತ್ರಿ ಜೋಕುಮಾರನ ಸಾವು. ಅಗಸರ ಹೆಣ್ಣನ್ನು ಬಯಸಿ ಆತ ಕೊಲೆಯಾದನೆಂಬುದು ಕಥೆ.

ಪ್ರಾಚೀನ ಗ್ರೀಸಿನಲ್ಲೂ ಇಂಥ ಲಿಂಗಾರಾಧನೆಯ ಹಾಡುಗಳಿದ್ದವು. ಹರ್ಷನಾಟಕ ಹುಟ್ಟಿದ್ದು ಅವುಗಳಿಂದಲೇ ಎಂದು ಅರಿಸ್ಟಾಟಲ್ ಹೇಳಿದ್ದಾನೆ.

ಕನ್ನಡದಲ್ಲಿ ಈ ಆಚರಣೆಯನ್ನು ಹೊಸ ರಂಗಭೂಮಿಗೆ ತಂದವರು ಬೆಳಗಾವಿ ಜಿಲ್ಲೆಯ ಘೋಡಗೇರಿಯಲ್ಲಿ 1937ರಲ್ಲಿ ಹುಟ್ಟಿದ ಚಂದ್ರಶೇಖರ ಕಂಬಾರರು. 1972ರಲ್ಲಿ ಬಂದ 'ಜೋಕುಮಾರಸ್ವಾಮಿ' ನಾಟಕವನ್ನು ಬಿ.ವಿ. ಕಾರಂತರು ರಂಗಕ್ಕೆ ತಂದರು. ಗೌಡ ಊರಿನ ಹೊಲವನ್ನೆಲ್ಲ ನುಂಗಿದವನು, ಆದರೆ ಷಂಡ. ಮಕ್ಕಳಿಗಾಗಿ ಹಂಬಲಿಸುವ ಗೌಡತಿ ಜೋಕುಮಾರನಾಗಿ ಪೂಜೆಗೊಂಡ ಪಡುವಲಕಾಯಿಯ ಪಲ್ಯ ಮಾಡುತ್ತಾಳೆ. ಅದು ಗೌಡನ ಬದಲು ಹೊಲ ಉಳುವ ಬಸಣ್ಣನ ಪಾಲಾಗುತ್ತದೆ. ಹೆಣ್ಣಿನ ಬಯಕೆಯೂ ಭೂಮಿ ಯಾರದೆಂಬ ಪ್ರಶ್ನೆಯೂ ಒಂದೇ ಆಗುತ್ತವೆ. ಕೊನೆಗೆ ಬಸಣ್ಣ ಜೋಕುಮಾರನಂತೆಯೇ ಕೊಲೆಯಾಗುತ್ತಾನೆ.

ಆ ಬಯಕೆಯನ್ನು ತೆಗೆದು ನಾಟಕವನ್ನು ಶುದ್ಧಗೊಳಿಸಲು ಹೊರಟರೆ ಗೌಡನ ಮೇಲಿನ ಸಿಟ್ಟೂ ಸತ್ವ ಕಳೆದುಕೊಳ್ಳುತ್ತದೆ. ಹಾಡುಗಳಿಗೂ ಈ ಮಾತು ಸಲ್ಲುತ್ತದೆ. ಬಿತ್ತುವುದು, ಹೆರುವುದು, ಮಳೆ ಬೀಳುವುದು ಜನಪದರಿಗೆ ಬೇರೆ ಬೇರೆಯಲ್ಲ. ಓದಿದವರು ಹಿಂದಿನಿಂದಲೂ ಇವನ್ನು ಅಶ್ಲೀಲವೆಂದು ಬದಿಗಿಟ್ಟದ್ದುಂಟು. ಅದೇ ವಸ್ತು ನಗರದ ರಂಗಮಂದಿರಕ್ಕೆ ಬಂದಾಗ ಪ್ರಯೋಗವೆನಿಸಿತು.

ಕಂಬಾರರಿಗೆ 2010ರ ಸಾಲಿನ ಜ್ಞಾನಪೀಠ ಬಂತು. ಬುಟ್ಟಿ ಹೊತ್ತ ಹೆಂಗಸರಿಗೆ ಸಿಕ್ಕುವುದು ಮೊರದ ಜೋಳ, ಒಂದಿಷ್ಟು ಉಪ್ಪು, ಮೆಣಸಿನಕಾಯಿ. ನಾಟಕಕ್ಕೆ ಮೂಲವಾದ ಕಥೆಯನ್ನು ತಲೆಮಾರಿನಿಂದ ತಲೆಮಾರಿಗೆ ದಾಟಿಸಿದ್ದು ಮಾತ್ರ ಅವರ ಕೊರಳೇ.