ನೀಲೆಯಾಗಿ ಬಂದು ತಾಯಿಯಾಗಿ ಉಳಿದ ಪಂಡರಿಬಾಯಿ

'ಬೇಡರ ಕಣ್ಣಪ್ಪ' ತೆರೆಕಂಡ 1954ರಲ್ಲಿ ಯಾದಗಿರಿ, ಶಹಾಪುರ, ಸುರಪುರಗಳು ಇನ್ನೂ ಹೈದರಾಬಾದ್ ರಾಜ್ಯದಲ್ಲಿದ್ದವು. ಏಕೀಕರಣಕ್ಕೆ ಎರಡು ವರ್ಷ ಬಾಕಿಯಿತ್ತು. ಬೇಡ ನಾಯಕರು ಆಳಿದ ಸುರಪುರ ಸೀಮೆಗೆ ಬೇಡನೊಬ್ಬನನ್ನು ಶಿವಭಕ್ತರ ಸಾಲಿನಲ್ಲಿ ಕೂರಿಸಿದ ಆ ಕಥೆಯ ಪರಿಚಯ ಮಾಡಿಕೊಡಬೇಕಾದ ಅಗತ್ಯವಿರಲಿಲ್ಲ. ದಿಣ್ಣನ ಪಾತ್ರದಿಂದ ರಾಜ್‌ಕುಮಾರ್ ನಾಯಕನಟರಾದದ್ದು ನಾಡಿಗೆಲ್ಲ ಗೊತ್ತಿರುವ ಸಂಗತಿ. ದಿಣ್ಣನ ಮಡದಿ ನೀಲೆಯಾಗಿ, ವರನಟನ ಮೊದಲ ನಾಯಕಿಯಾಗಿ ಅಭಿನಯಿಸಿದ ಪಂಡರಿಬಾಯಿಯವರ ಹೆಸರು ಮಾತ್ರ ಅಷ್ಟು ಸುಲಭವಾಗಿ ನಾಲಿಗೆಗೆ ಬರುವುದಿಲ್ಲ.

ಪಂಡರಿಬಾಯಿ ಉತ್ತರ ಕನ್ನಡದ ಭಟ್ಕಳದವರು. ಹರಿಕಥೆ ಮತ್ತು ನಾಟಕಗಳ ಹಿನ್ನೆಲೆಯಿಂದ ಬಂದ ಅವರು ಪಿಟೀಲು ವಿದ್ವಾಂಸ ಟಿ. ಚೌಡಯ್ಯನವರೂ ಅಭಿನಯಿಸಿದ್ದ 'ವಾಣಿ' (1943) ಚಿತ್ರದ ಮೂಲಕ ಬೆಳ್ಳಿತೆರೆ ಪ್ರವೇಶಿಸಿದರು. ರಾಜ್‌ಕುಮಾರ್ ಜತೆ ನಟಿಸುವ ವೇಳೆಗೆ ಅವರು ಮದರಾಸಿನಲ್ಲಿ ಹೆಸರಾದ ತಾರೆ. ಶಿವಾಜಿ ಗಣೇಶನ್ ಅವರ ಚೊಚ್ಚಲ ಚಿತ್ರ 'ಪರಾಶಕ್ತಿ'ಯ (1952) ನಾಯಕಿಯೂ ಇವರೇ. ಹಾಡುಗಳೇ ಇಲ್ಲದ 'ಅಂದ ನಾಳ್' (1954) ಚಿತ್ರದಲ್ಲಿ ಮತ್ತೆ ಶಿವಾಜಿಯವರಿಗೆ ಜೋಡಿಯಾದರು. ದಕ್ಷಿಣದ ಇಬ್ಬರು ಮೇರುನಟರು ನಾಯಕರಾಗಿ ಕಾಲಿಟ್ಟಾಗ ಎದುರಿಗಿದ್ದವರು ಒಬ್ಬರೇ ನಟಿ ಎಂಬುದು ಚಿತ್ರರಂಗದ ಇತಿಹಾಸದಲ್ಲಿ ಅಪರೂಪದ ಸಂಗತಿಯೇ ಸರಿ. ಕನ್ನಡದಲ್ಲಿ 'ಸಂತ ಸಖು' (1955), 'ರಾಯರ ಸೊಸೆ' (1957) ಚಿತ್ರಗಳು ಅವರಿಗೆ ಕೀರ್ತಿ ತಂದವು. ಚಿತ್ರ ನಿರ್ಮಾಣಕ್ಕೂ ಅವರು ಕೈಹಾಕಿದರು.

ಆದರೆ ನಾಯಕಿಯ ಪಟ್ಟ ಬಹುಕಾಲ ಉಳಿಯಲಿಲ್ಲ. ರಾಜ್‌ಕುಮಾರ್ ಜನಿಸಿದ್ದು 1929ರಲ್ಲಿ, ಶಿವಾಜಿ 1928ರಲ್ಲಿ. ಪಂಡರಿಬಾಯಿ ಹೆಚ್ಚುಕಡಿಮೆ ಅವರ ಸಮವಯಸ್ಕರು. ನಾಯಕರು ದಶಕಗಳ ಕಾಲ ನಾಯಕರಾಗಿಯೇ ಮುಂದುವರಿದರು. ನಾಯಕಿಗೆ ಮಾತ್ರ ನಲವತ್ತು ತುಂಬುವ ಮೊದಲೇ ತಲೆಗೂದಲಿಗೆ ಬಿಳಿ ಬಣ್ಣ ಬಳಿಯಲಾಯಿತು. 1968ರ 'ಕುಡಿಯಿರುಂದ ಕೋಯಿಲ್' ಚಿತ್ರದಲ್ಲಿ ಅವರು ತಮಗಿಂತ ಹಿರಿಯರಾದ ಎಂ.ಜಿ. ರಾಮಚಂದ್ರನ್ ಅವರಿಗೆ ತಾಯಿ. ಮರುವರ್ಷದ 'ದೈವ ಮಗನ್' ಚಿತ್ರದಲ್ಲಿ ಶಿವಾಜಿಯವರದು ತಂದೆ ಮತ್ತು ಇಬ್ಬರು ಮಕ್ಕಳ ತ್ರಿಪಾತ್ರ. ಪಂಡರಿಬಾಯಿ ಒಂದೇ ಚಿತ್ರದಲ್ಲಿ ಅವರಿಗೆ ಹೆಂಡತಿಯೂ ಹೌದು, ತಾಯಿಯೂ ಹೌದು! 1986ರ 'ಅನುರಾಗ ಅರಳಿತು' ಚಿತ್ರದಲ್ಲಿ ಅಂದಿನ ನೀಲೆ ದಿಣ್ಣನಿಗೆ ಅಮ್ಮನಾದರು. ಅದೇ ಕಥೆ 1992ರಲ್ಲಿ ತಮಿಳಿನ 'ಮನ್ನನ್' ಆದಾಗ ರಜನಿಕಾಂತ್ ಅವರ ತಾಯಿಯ ಪಾತ್ರಕ್ಕೂ ಇವರನ್ನೇ ಕರೆಯಲಾಯಿತು. ಅಭಿನಯದಲ್ಲಿ ಕೊರತೆ ಕಂಡು ಹೀಗಾಯಿತೆನ್ನಲು ಆಧಾರವಿಲ್ಲ.

ಹೊಸ ಪೀಳಿಗೆ ಈ ಅಮ್ಮನನ್ನು ಕಂಡದ್ದು ಹೆಚ್ಚಾಗಿ ಕಿರುತೆರೆಯಲ್ಲಿ. ಯಾದಗಿರಿ ಪ್ರದೇಶದ ಮಟ್ಟಿಗೆ ಈ ಮಾತಿಗೆ ವಿಶೇಷ ಅರ್ಥವಿದೆ. ಅಮೆರಿಕದ ಎಟಿಎಸ್-6 ಉಪಗ್ರಹದ ನೆರವಿನಿಂದ 1975ರ ಆಗಸ್ಟ್‌ನಿಂದ ಒಂದು ವರ್ಷ ಆರು ರಾಜ್ಯಗಳ ಸುಮಾರು 2,400 ಹಳ್ಳಿಗಳಲ್ಲಿ ನಡೆದ 'ಸೈಟ್' ದೂರದರ್ಶನ ಪ್ರಯೋಗಕ್ಕೆ ಕರ್ನಾಟಕದಿಂದ ಆಯ್ಕೆಯಾಗಿದ್ದು ಗುಲ್ಬರ್ಗಾ, ಬಿಜಾಪುರ ಮತ್ತು ರಾಯಚೂರು ಜಿಲ್ಲೆಗಳು. ಯಾದಗಿರಿ, ಶಹಾಪುರ, ಸುರಪುರ ಅಂದು ಗುಲ್ಬರ್ಗಾ ಜಿಲ್ಲೆಯ ತಾಲ್ಲೂಕುಗಳು. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರಲ್ಲಿ. ಹಿಂದುಳಿದ ಸೀಮೆಯೆಂದು ಕರೆಸಿಕೊಂಡ ಭಾಗ ಈ ಒಂದು ವಿಷಯದಲ್ಲಿ ರಾಜಧಾನಿಗಿಂತ ಮುಂದಿತ್ತು.

ತಂಗಿ ಮೈನಾವತಿಯವರ ದಾರಿ ತುಸು ಬೇರೆ. ಷೇಕ್ಸ್‌ಪಿಯರ್ ನಾಟಕದ ಛಾಯೆಯಿರುವ 'ಅಬ್ಬಾ ಆ ಹುಡುಗಿ'ಯ (1959) ಗಯ್ಯಾಳಿ ನಾಯಕಿಯಾಗಿ ಮನೆಮಾತಾದ ಅವರು ಮುಂದೆ ಧಾರಾವಾಹಿಗಳ ನಟನೆ, ನಿರ್ಮಾಣಗಳಲ್ಲಿ ತೊಡಗಿದರು. 2012ರ ನವೆಂಬರ್‌ನಲ್ಲಿ ನಿಧನರಾದರು.

ಅಕ್ಕನಿಗೆ ರಾಜ್ಯ ಸರ್ಕಾರದ ಗೌರವವೂ ಸಂದಿತು. ಆ ಪ್ರಶಸ್ತಿ ಡಾ. ರಾಜ್‌ಕುಮಾರ್ ಹೆಸರಿನದು. 1990ರ ದಶಕದಲ್ಲಿ ಅಪಘಾತದಲ್ಲಿ ಒಂದು ಕೈ ಕಳೆದುಕೊಂಡ ಪಂಡರಿಬಾಯಿ, 2003ರ ಜನವರಿ 29ರಂದು ಚೆನ್ನೈನಲ್ಲಿ ಕೊನೆಯುಸಿರೆಳೆದರು.